ದಿಶಾಂಕ್ ಆ್ಯಪ್: ಸರ್ವೆ ನಂಬರ್ ಹೇಳುತ್ತದೆ, ದಾರಿಯ ಹಕ್ಕು ಹೇಳುವುದಿಲ್ಲ

ಹಳ್ಳಿ ಕಡೆ ಜಮೀನು ನೋಡಲು ಹೋಗುವವರ ಫೋನಿನಲ್ಲಿ ದಿಶಾಂಕ್ ಇರಲೇಬೇಕು. ಐದಕ್ಕೆ ನಾಲ್ಕು ಕೊಡುತ್ತೇನೆ. ಆದರೆ ದಾರಿಯ ವಿಷಯಕ್ಕೆ ಅದೊಂದನ್ನೇ ನಂಬಬೇಡಿ.

ಆ್ಯಪ್ ಸರ್ಕಾರದ್ದು, ದುಡ್ಡು ಕೊಡಬೇಕಿಲ್ಲ. ನೀವು ನಿಂತ ಜಾಗದ ಸರ್ವೆ ನಂಬರ್ ಬರುತ್ತದೆ, ಹಿಸ್ಸಾ (ಸರ್ವೆ ನಂಬರಿನ ಒಳಗಿನ ಪಾಲು) ಆರಿಸಿದರೆ ಮಾಲೀಕರ ಹೆಸರೂ ಸಿಗುತ್ತದೆ. ಎಲ್ಲರೂ ಹೊಲದ ಮಧ್ಯೆ ನಿಂತು ನೋಡುತ್ತಾರೆ, ನಾನು ಹೇಳುವುದು ಡಾಂಬರು ರಸ್ತೆ ಬಿಟ್ಟು ಇಳಿದ ಕೂಡಲೇ ತೆರೆಯಿರಿ ಅಂತ. ಹೊಲ ಮುಟ್ಟುವವರೆಗೆ ಯಾವ್ಯಾವ ನಂಬರ್ ದಾಟಿದಿರಿ ಬರೆದುಕೊಳ್ಳಿ. 'ಲಾರಿ ಸಲೀಸಾಗಿ ಬರುತ್ತೆ ಸಾರ್' ಅಂತ ಏಜೆಂಟ್ ತೋರಿಸುವ ಮಣ್ಣುರಸ್ತೆ ಎಷ್ಟೋ ಸಲ ಪಕ್ಕದವರ ಜಮೀನಿನೊಳಗೇ ಇರುತ್ತದೆ. ಇವತ್ತು ಬಿಟ್ಟಿದ್ದಾರೆ, ನಾಳೆ ಬೇಲಿ ಹಾಕಿದರೆ?

ಆ್ಯಪ್ ಇಲ್ಲಿಗೆ ಮುಗಿಯಿತು. ಫೋನಿನ ಜಿಪಿಎಸ್ ಕೆಲವು ಮೀಟರ್ ಆಚೀಚೆ ಆಗುತ್ತದೆ, ದಾರಿಯ ಅಗಲವೇ ಅಷ್ಟಿರುವಾಗ ಗೆರೆ ಯಾವ ಕಡೆ ಅಂತ ಸುಮ್ನೆ ವಾದ ಮಾಡಬೇಡಿ, ಅದಕ್ಕೆ ಹದ್ದುಬಸ್ತು, ಅಂದರೆ ಸರ್ವೆಯರ್ ಕೈಲಿ ಅಳತೆ ಮಾಡಿಸಿ ಗಡಿ ಗುರುತು, ಮಾಡಿಸಬೇಕು.

ಜೊತೆಗೆ ಕಂದಾಯ ಇಲಾಖೆಯ ಜಾಲತಾಣದಿಂದ ಗ್ರಾಮ ನಕಾಶೆ ಇಳಿಸಿಕೊಳ್ಳಿ. ಜೋಡಿ ತುಂಡುಗೆರೆ ಇದ್ದರೆ ಬಂಡಿದಾರಿ, ಒಂಟಿ ಇದ್ದರೆ ಕಾಲುದಾರಿ. ನಕಾಶೆಯಲ್ಲಿ ಕಾಣುವ ದಾರಿ ಅಂದರೆ ಅರ್ಧ ತಲೆನೋವು ಕಡಿಮೆ. ಪಹಣಿಯಲ್ಲಿ 'ಬ' ಖರಾಬು ಇದೆಯಾ ನೋಡಿ, ದಾರಿ, ಹಳ್ಳದಂಥ ಸಾರ್ವಜನಿಕ ಬಳಕೆಗೆ ಬಿಟ್ಟ ಜಾಗ ಅದರಲ್ಲಿ ಬರುತ್ತದೆ.

ನಕಾಶೆಯಲ್ಲೂ ಇಲ್ಲದ ದಾರಿಗೆ 1882ರ ಈಸ್‌ಮೆಂಟ್ ಕಾಯ್ದೆ, ಅಂದರೆ ಬೇರೆಯವರ ಜಮೀನಿನಲ್ಲಿ ಓಡಾಡುವಂಥ ಹಕ್ಕುಗಳ ಕಾನೂನು, ನೋಡಬೇಕು. ಒಂದೇ ಜಮೀನು ಭಾಗವಾಗಿಯೋ ಮಾರಾಟವಾಗಿಯೋ ಒಳಗಿನ ತುಂಡಿಗೆ ಬೇರೆ ದಾರಿಯೇ ಇಲ್ಲದಿದ್ದರೆ ಹಕ್ಕು ಸಿಗುತ್ತದೆ, ಆದರೆ ಮುಂದೆ ಬೇರೆ ದಾರಿ ಆಯಿತೆಂದರೆ ಅದು ಹೋಗುತ್ತದೆ. ಹಕ್ಕು ಸಿಗುವ ಇನ್ನೊಂದು ಬಗೆಗೆ 20 ವರ್ಷ ತಡೆಯಿಲ್ಲದೆ, ಎಲ್ಲರಿಗೂ ಕಾಣುವಂತೆ, ಹಕ್ಕಿನಿಂದ ಓಡಾಡಿರಬೇಕು. ಸರ್ಕಾರಿ ಜಮೀನಾದರೆ 30. 'ಅಣ್ಣಾ, ಹೋಗ್ಲಾ?' ಅಂತ ಕೇಳಿ ಅನುಮತಿಯ ಮೇಲೆ ಓಡಾಡಿದ್ದು ಎಷ್ಟು ವರ್ಷವಾದರೂ ಲೆಕ್ಕಕ್ಕಿಲ್ಲ. ಜನ ಎಡವುವುದು ಇಲ್ಲೇ. ಒಳ್ಳೆಯತನಕ್ಕೆ ದಾರಿ ಬಿಟ್ಟವನ ದೃಷ್ಟಿಯಿಂದ ನೋಡಿದರೆ ಅದೂ ನ್ಯಾಯವೇ ಅಲ್ವಾ?

ದಾರಿ ಮುಚ್ಚಿ ಜಗಳ ಹತ್ತುವ ಹಾಗಿದ್ದರೆ ತಹಶೀಲ್ದಾರರಿಗೆ ದೂರು ಕೊಡಿ. ಅವರು ಬಿಎನ್‌ಎಸ್‌ಎಸ್ (ಈಗಿನ ಕ್ರಿಮಿನಲ್ ಪ್ರಕ್ರಿಯಾ ಕಾನೂನು) 166ನೇ ಕಲಂ (ಹಿಂದಿನ ಸಿಆರ್‌ಪಿಸಿ 147) ಪ್ರಕಾರ ವಿಚಾರಣೆ ಮಾಡಿ, ಅಡ್ಡಿ ಮಾಡಬೇಡಿ ಅಂತ ಆದೇಶ ಮಾಡಬಹುದು. ವರ್ಷವಿಡೀ ಓಡಾಡುವ ದಾರಿಯಾದರೆ ದೂರಿನ ಹಿಂದಿನ ಮೂರು ತಿಂಗಳೊಳಗೆ ಓಡಾಡಿರಬೇಕು, ಸುಗ್ಗಿಯಲ್ಲಿ ಮಾತ್ರ ಗಾಡಿ ಹೋಗುವ ದಾರಿಯಾದರೆ ಕಳೆದ ಸುಗ್ಗಿಯಲ್ಲಿ ಹೋಗಿದ್ದರೆ ಸಾಕು. ಹಕ್ಕು ಯಾರದು ಅನ್ನುವ ಕೊನೆಯ ತೀರ್ಮಾನ ಸಿವಿಲ್ ಕೋರ್ಟಿನದು. ಅಲ್ಲಿಗೆ ಹೋಗುವುದಾದರೆ ತಡ ಮಾಡಬೇಡಿ, 20 ವರ್ಷದ ಹಕ್ಕಿನ ದಾವೆಯನ್ನು ದಾರಿ ಮುಚ್ಚಿದ ಎರಡು ವರ್ಷದೊಳಗೆ ಹಾಕಬೇಕು.

ಕೊಳ್ಳುವ ಮುಂಚೆ ಪತ್ರದ ಚಕ್ಕುಬಂದಿಯಲ್ಲಿ (ಜಮೀನಿನ ನಾಲ್ಕೂ ದಿಕ್ಕಿನ ಗಡಿ ವಿವರ) ಬರೀ 'ದಾರಿ' ಅಂತ ಇದ್ದರೆ ಆ ದಾರಿ ಯಾರದು ಅಂತ ಕೇಳಿ. ಮಾರುವವರ ಉಳಿದ ಜಮೀನಿನಲ್ಲೇ ಹೋಗುವುದಾದರೆ ಎಷ್ಟು ಅಡಿ ಅಗಲ, ಯಾವ ಬದಿಗೆ ಅನ್ನುವುದನ್ನು ಕ್ರಯಪತ್ರದಲ್ಲೇ ಬರೆಸಿ ರಿಜಿಸ್ಟರ್ ಮಾಡಿಸಿ.