ವಿಜಯಪುರ ಮಹಲು-ತೋಟ ಒನ್ ಡೇ ಟೂರ್: ಗೈಡಿಗೆ ಫುಲ್ ಮಾರ್ಕ್ಸ್, ಟೈಮ್‌ಟೇಬಲ್‌ಗೆ ಇಲ್ಲ

ಬಾಗಲಕೋಟೆಯ ನವನಗರದಲ್ಲಿ ನನ್ನದೊಂದು ಸಣ್ಣ ನರ್ಸರಿ ಇದೆ. ಗುಲಾಬಿ, ದಾಸವಾಳ, ಕರಿಬೇವು, ಒಂದಿಷ್ಟು ಮಾವಿನ ಕಸಿ ಗಿಡ. ಹಾಗಾಗಿ ಯಾವ ಊರಿಗೆ ಹೋದರೂ ನನ್ನ ಕಣ್ಣು ಮೊದಲು ಹೋಗೋದು ಗಿಡದ ಬುಡಕ್ಕೆ. ‘ಆದಿಲ್‌ಶಾಹಿ ಮಹಲುಗಳು ಮತ್ತು ತೋಟಗಳು, ಗೈಡ್ ಸಮೇತ, ಒಂದೇ ದಿನದಲ್ಲಿ’ ಅಂತ ವಾಟ್ಸಾಪ್‌ನಲ್ಲಿ ಪೋಸ್ಟರ್ ಬಂದಾಗ ನಾನು ಸರಿಯಾಗಿ ಓದಿದ್ದು ‘ತೋಟ’ ಅನ್ನೋ ಒಂದು ಪದ ಮಾತ್ರ. ತಲೆಗೆ 1,350 ರೂಪಾಯಿ. ಊಟ ಅದರಲ್ಲೇ, ಪ್ರವೇಶ ಟಿಕೆಟ್ ಬೇರೆ. ನನಗೂ ಅತ್ತೆಗೂ ಸೇರಿಸಿ ದುಡ್ಡು ಕಟ್ಟಿಬಿಟ್ಟೆ. ಟ್ರಾವೆಲ್ಸಿನ ಹೆಸರು ಇಲ್ಲಿ ಹಾಕುವುದಿಲ್ಲ. ಇದೇ ಟೂರನ್ನು ಹೆಚ್ಚುಕಮ್ಮಿ ಇದೇ ರೀತಿ ಬೇರೆಯವರೂ ಮಾಡುತ್ತಾರೆ, ನೀವು ಯಾರ ಜೊತೆ ಹೋದರೂ ಈ ಮಾತು ಉಪಯೋಗಕ್ಕೆ ಬರಬಹುದು.

ಗಾಡಿ ಟೆಂಪೋ ಟ್ರಾವೆಲರ್. ಹದಿನಾಲ್ಕು ಜನ. 6 ಗಂಟೆಗೆ ಬರುತ್ತೇನೆ ಅಂದ ಗಾಡಿ 6:40ಕ್ಕೆ ಬಂತು. ಸೀಟು ಪರವಾಗಿಲ್ಲ, ಅತ್ತೆಯ ಮಂಡಿಗೆ ತೊಂದರೆಯಾಗಲಿಲ್ಲ. ಡ್ರೈವರ್ ಒಳ್ಳೆಯ ಮನುಷ್ಯ. ಕೃಷ್ಣಾ ನದಿಯ ಸೇತುವೆ ದಾಟಿ ಕೊಲ್ಹಾರ ಬಂದ ಕೂಡಲೇ ಯಾರೂ ಕೇಳದೆ ಗಾಡಿ ನಿಲ್ಲಿಸಿದ. ಕೊಲ್ಹಾರಕ್ಕೆ ಹೋಗಿ ಗಡಿಗೆ ಮೊಸರು ತಗೊಳ್ಳದೆ ಮುಂದೆ ಹೋದವರನ್ನು ನಾನಂತೂ ಕಂಡಿಲ್ಲ. ಮಣ್ಣಿನ ಗಡಿಗೆ ನೀರಿನ ಅಂಶವನ್ನೆಲ್ಲ ಹೀರಿಕೊಂಡು ಮೊಸರು ಗಟ್ಟಿಯಾಗಿ ಕೂತಿರುತ್ತದೆ, ಬೋರಲು ಹಾಕಿದರೂ ಬೀಳುವುದಿಲ್ಲ. ಅತ್ತೆ ಒಂದು ಗಡಿಗೆ ತಗೊಂಡು ಕಾಲ ಸಂದಿಯಲ್ಲಿ ಇಟ್ಟುಕೊಂಡರು. ಅದು ಮಧ್ಯಾಹ್ನ ನಮ್ಮ ಮಾನ ಉಳಿಸಿತು.

ಗೈಡ್ ನಮಗೆ ಸಿಕ್ಕಿದ್ದು ವಿಜಯಪುರದಲ್ಲಿ, ಇಬ್ರಾಹಿಂ ರೋಜಾದ ಗೇಟಿನ ಹತ್ತಿರ. ಅರವತ್ತರ ಆಸುಪಾಸಿನ ಮನುಷ್ಯ, ಕೈಯಲ್ಲಿ ಒಂದು ಬೆತ್ತ, ಕೊರಳಲ್ಲಿ ಮಫ್ಲರ್. ಎಲ್ಲರೂ ಗೈಡ್ ಕಾಕಾ ಅಂತಲೇ ಕರೆದೆವು. ಮೈಕ್ ಇಲ್ಲ, ಬಾಯಿಪಾಠ ಇಲ್ಲ. ಮೊದಲೇ ಒಂದು ಮಾತು ಹೇಳಿದರು: “ಅರಮನಿ ಆಮ್ಯಾಲೆ ನೋಡ್ರಿ, ಮೊದ್ಲ ನೀರ ಎಲ್ಲಿಂದ ಬಂತು ಅಂತ ಕೇಳ್ರಿ.” ನನಗೆ ಅಲ್ಲಿಗೇ 1,350 ರೂಪಾಯಿಯಲ್ಲಿ ಅರ್ಧ ವಸೂಲಾಯಿತು.

ಇಬ್ರಾಹಿಂ ರೋಜಾ ಎರಡನೇ ಇಬ್ರಾಹಿಂ ಆದಿಲ್‌ಶಾಹನ ಸಮಾಧಿ. ಮೊದಲು ರಾಣಿ ತಾಜ್ ಸುಲ್ತಾನಾಗೆಂದು ಶುರು ಮಾಡಿದ್ದು, ಆಮೇಲೆ 1627ರಲ್ಲಿ ರಾಜನನ್ನೂ ಅಲ್ಲೇ ಮಲಗಿಸಿದರು. ಒಂದು ಕಡೆ ಸಮಾಧಿ, ಎದುರಿಗೆ ಮಸೀದಿ, ನಡುವೆ ಕಾರಂಜಿಯ ಹೊಂಡ, ಸುತ್ತಲೂ ಗೋಡೆಯ ಒಳಗೆ ತೋಟ. ಬೆಳಗಿನ ಬಿಸಿಲಿನಲ್ಲಿ ಕಿಟಕಿಯ ಕಲ್ಲುಜಾಲರಿ ನೋಡಬೇಕು. ಅಕ್ಷರಗಳನ್ನೇ ಕೊರೆದು ಜಾಲರಿ ಮಾಡಿದ್ದಾರೆ. ಮಸೀದಿಯ ಚಜ್ಜಾದಿಂದ ಇಳಿಬಿದ್ದ ಕಲ್ಲಿನ ಸರಪಳಿ ಒಂದೇ ಕಲ್ಲಿನಲ್ಲಿ ಕೆತ್ತಿದ್ದು ಅಂತ ಕಾಕಾ ಹೇಳಿದಾಗ ಅತ್ತೆ ನಂಬಲಿಲ್ಲ. ಬೆಸುಗೆ ಹುಡುಕಿಕೊಂಡು ಕತ್ತು ಎತ್ತಿ ನಿಂತೇ ಇದ್ದರು.

ಆದರೆ ತೋಟ? ಹುಲ್ಲುಹಾಸು, ಅಂಚಿಗೆ ಕತ್ತರಿಸಿದ ಬೇಲಿಗಿಡ, ಅಲ್ಲಲ್ಲಿ ಮರ. ಅಚ್ಚುಕಟ್ಟಾಗಿದೆ, ನೀರೂ ಹಾಕುತ್ತಾರೆ, ಅದಕ್ಕೆ ತಕರಾರಿಲ್ಲ. ಆದರೆ ಸುಲ್ತಾನರ ಕಾಲದ ತೋಟ ಅಂದರೆ ಹಣ್ಣು, ಹೂವು, ನೆರಳು, ನಡುವೆ ಹರಿಯುವ ಕಾಲುವೆ. ಈ ಹುಲ್ಲುಹಾಸು ಬ್ರಿಟಿಷರು ಕಲಿಸಿದ ಚಾಳಿ. ವರ್ಷಕ್ಕೆ ಸುಮಾರು 600 ಮಿಲಿಮೀಟರ್ ಮಳೆ ಬೀಳುವ ಊರಲ್ಲಿ ಹುಲ್ಲಿಗೆ ನೀರು ಕುಡಿಸುವುದು ನನಗೆ ಹೊಟ್ಟೆಯುರಿ. ನಾಲ್ಕು ದಾಳಿಂಬೆ, ಎರಡು ನಿಂಬೆ, ಒಂದು ಸಾಲು ಮಲ್ಲಿಗೆ ಹಾಕಿದರೆ ಹೆಂಗಿರುತ್ತದೆ ಹೇಳಿ. ನಿಂಬೆಗೆ ಹೆಸರಾದ ಇಂಡಿ ಇದೇ ಜಿಲ್ಲೆಯಲ್ಲಿದೆ!

ಪೋಸ್ಟರಿನಲ್ಲಿ ‘ತೋಟಗಳು’ ಅಂತ ದಪ್ಪಕ್ಷರದಲ್ಲಿ ಹಾಕಿದವರು ಇದನ್ನು ಹೇಳಬೇಕಿತ್ತು. ತೋಟ ನೋಡಲು ಹೋದರೆ ನಿಮಗೆ ತೋಟ ಸಿಗುವುದಿಲ್ಲ. ಸಿಗುವುದು ತೋಟಕ್ಕೆ ನೀರು ಬಂದ ದಾರಿ. ಕಾಕಾ ಇಲ್ಲದಿದ್ದರೆ ಅದೂ ಸಿಗುತ್ತಿರಲಿಲ್ಲ.

ಅಲ್ಲಿಂದ ತಾಜ್ ಬಾವಡಿ ಹತ್ತಿರ. 1620ರಲ್ಲಿ ಅದೇ ತಾಜ್ ಸುಲ್ತಾನಾ ಹೆಸರಲ್ಲಿ ಕಟ್ಟಿದ ಬಾವಿ. ಬಾವಿ ಅನ್ನೋದು ಮರ್ಯಾದೆಗೆ, ನೋಡಿದರೆ ಕೆರೆ. ಕೆಲ ವರ್ಷಗಳ ಹಿಂದೆ ಹೂಳು ತೆಗೆದ ಮೇಲೆ ನೋಡುವ ಹಾಗಾಗಿದೆ. ನಾವು ಮೇಲಿಂದಲೇ ನೋಡಿ, ಫೋಟೋ ತಗೊಂಡು ಹೊರಟೆವು.

ಕೋಟೆಯೊಳಗೆ ಗಗನ್ ಮಹಲ್. ಒಂದನೇ ಅಲಿ ಆದಿಲ್‌ಶಾಹ 1561ರ ಸುಮಾರಿಗೆ ಕಟ್ಟಿಸಿದ್ದು. ನಡುವಿನ ಕಮಾನು ಎಷ್ಟು ಅಗಲ ಅಂದರೆ ನಮ್ಮ ಟೆಂಪೋದಂಥ ಗಾಡಿಗಳು ಸಾಲಾಗಿ ಒಳಗೆ ಹೋಗಬಹುದು. ಮೇಲಿನ ಮರದ ಮಹಡಿ ಈಗಿಲ್ಲ. 1686ರಲ್ಲಿ ಕೊನೆಯ ಸುಲ್ತಾನ ಸಿಕಂದರ್ ಔರಂಗಜೇಬನಿಗೆ ಶರಣಾಗಿದ್ದು ಇಲ್ಲೇ, ಬೆಳ್ಳಿ ಸರಪಳಿ ಹಾಕಿ ಕರೆತಂದರು ಅಂತ ಹೇಳುತ್ತಾರೆ. ನಾವು ಹೋದಾಗ ಮುಂದಿನ ಬಯಲಲ್ಲಿ ಹುಡುಗರು ಕ್ರಿಕೆಟ್ ಆಡುತ್ತಿದ್ದರು.

ನನಗೆ ಹಿಡಿಸಿದ್ದು ಇದಲ್ಲ, ಹತ್ತಿರದ ಸಾತ್ ಮಂಜಿಲ್. ಹೆಸರಿಗೆ ಏಳು ಅಂತಸ್ತು, ಈಗ ಅಷ್ಟಿಲ್ಲ. ಕಾಕಾ ಬೆತ್ತದಿಂದ ಗೋಡೆಯಲ್ಲಿ ಒಂದು ಸೀಳು ತೋರಿಸಿದರು. ಒಳಗೆ ಮಣ್ಣಿನ ಕೊಳವೆ. ಮೇಲಿನ ಅಂತಸ್ತುಗಳಲ್ಲಿ ಸ್ನಾನದ ತೊಟ್ಟಿಗಳಿದ್ದವಂತೆ, ಅಲ್ಲಿಗೂ ನೀರು ಏರುತ್ತಿತ್ತಂತೆ. ನಮ್ಮ ಅಪಾರ್ಟ್‌ಮೆಂಟಿನ ಮೂರನೇ ಮಹಡಿಗೆ ಇವತ್ತಿಗೂ ನೀರು ಏರುವುದಿಲ್ಲ, ಅದು ಬೇರೆ ಮಾತು. ಎದುರಿಗೇ ಜಲಮಂಜಿಲ್ ಅನ್ನುವ ಪುಟ್ಟ ಮಂಟಪ. ಕೆತ್ತನೆ ಎಷ್ಟು ನಾಜೂಕು ಅಂದರೆ ಸಕ್ಕರೆ ಆರತಿ ನೆನಪಾಯಿತು. ಅದು ಒಂದು ಕಾಲಕ್ಕೆ ನೀರಿನ ನಡುವೆ ನಿಂತಿತ್ತು. ಈಗ ಪಕ್ಕದಲ್ಲೇ ಆಟೋಗಳು ಹೋಗುತ್ತವೆ. ಬಸ್ಸಿನಲ್ಲಿ ಎಷ್ಟೋ ಸಲ ಇದರ ಪಕ್ಕದಲ್ಲೇ ಹೋಗಿದ್ದೇನೆ, ಒಮ್ಮೆಯೂ ನೋಡಿರಲಿಲ್ಲ.

ಇಲ್ಲಿ ಕಾಕಾ ಹತ್ತು ನಿಮಿಷ ಊರಿನ ನೀರಿನ ಲೆಕ್ಕ ಹೇಳಿದರು. ನನ್ನ ಮಟ್ಟಿಗೆ ಇಡೀ ಟೂರಿನ ತಿರುಳು ಇದೇ. ಪಶ್ಚಿಮಕ್ಕೆ ತೊರವಿ ಕಡೆಯಿಂದ ನೆಲದಡಿಯ ಸುರಂಗದಲ್ಲಿ ನೀರು ಬರುತ್ತಿತ್ತು. ದಕ್ಷಿಣಕ್ಕೆ 1651ರಲ್ಲಿ ಮಹಮ್ಮದ್ ಆದಿಲ್‌ಶಾಹ ಬೇಗಂ ತಲಾಬ್ ಕಟ್ಟಿಸಿದ. ಅಲ್ಲಿಂದ ಮಣ್ಣಿನ ಕೊಳವೆ, ಸುತ್ತ ಗಾರೆ, ನೆಲದ ಆಳದಲ್ಲಿ. ದಾರಿಯಲ್ಲಿ ಅಲ್ಲಲ್ಲಿ 25ರಿಂದ 40 ಅಡಿ ಎತ್ತರದ ಗೋಪುರಗಳು. ಗಂಜ್ ಅಂತಾರೆ ಅದಕ್ಕೆ. ನೀರಿನ ಒತ್ತಡ ಅಲ್ಲಿ ಇಳಿಯುತ್ತದೆ, ಕೊಳವೆ ಒಡೆಯುವುದಿಲ್ಲ. ಕಸ, ಮಣ್ಣು ಬುಡದಲ್ಲಿ ಕೂರುತ್ತದೆ, ತಿಳಿನೀರು ಮುಂದೆ ಹೋಗುತ್ತದೆ. ಡ್ರಿಪ್ ಹಾಕಿಸುವಾಗ ಅಂಗಡಿಯವನು ಫಿಲ್ಟರ್, ಪ್ರೆಶರ್ ವಾಲ್ವ್ ಅಂತ ನನ್ನ ಕೈಯಲ್ಲಿ ಹನ್ನೊಂದು ಸಾವಿರ ಇಸಿದುಕೊಂಡಿದ್ದ. ಇವರು ಎರಡೂ ಕೆಲಸ ಒಂದೇ ಕಲ್ಲಿನ ಕಂಬಕ್ಕೆ ವಹಿಸಿಬಿಟ್ಟಿದ್ದರು! ಗುಂಪಿನಲ್ಲಿ ಇಬ್ಬರು ಆಕಳಿಸಿದರು. ನಾನು ನೋಟ್‌ಬುಕ್ಕಿನಲ್ಲಿ ಚಿತ್ರ ಬರೆದುಕೊಂಡೆ.

ಅಸರ್ ಮಹಲ್‌ನಲ್ಲಿ ಇನ್ನೊಂದು ತಮಾಷೆ. 1646ರ ಸುಮಾರಿಗೆ ನ್ಯಾಯ ಕೊಡುವ ಸಭಾಂಗಣವಾಗಿ ಕಟ್ಟಿದ್ದು, ಆಮೇಲೆ ಪ್ರವಾದಿಯವರ ಕೇಶ ಇಟ್ಟಿರುವ ಪವಿತ್ರ ಜಾಗವಾಯಿತು. ಹೆಂಗಸರಿಗೆ ಒಳಗೆ ಪ್ರವೇಶವಿಲ್ಲ. ಇದನ್ನು ಬುಕಿಂಗ್ ಮಾಡುವಾಗ ಯಾರೂ ಹೇಳಿರಲಿಲ್ಲ. ಹದಿನಾಲ್ಕರಲ್ಲಿ ಒಂಬತ್ತು ಜನ ನಾವು ಹೆಂಗಸರೇ. ಕಾಕಾ ಗಂಡಸರನ್ನು “ನೀವ ಹೋಗಿ ಬರ್ರಿ” ಅಂತ ಕಳಿಸಿ ನಮ್ಮ ಜೊತೆ ಹೊಂಡದ ಹತ್ತಿರ ಕೂತರು. ಎದುರಿಗೆ ತೇಗದ ನಾಲ್ಕು ಎತ್ತರದ ಕಂಬ, ಅದರ ನೆರಳು ನೀರಿನ ಮೇಲೆ. ಈ ಹೊಂಡಕ್ಕೂ ನೀರು ಅದೇ ಬೇಗಂ ತಲಾಬಿನದು. ಅತ್ತೆ ಚಪ್ಪಲಿ ಬಿಟ್ಟು ಕಾಲು ಚಾಚಿದರು. ಒಳಗೆ ಹೋದವರು ಐದು ನಿಮಿಷದಲ್ಲಿ ವಾಪಸ್ ಬಂದರು. ಒಳ್ಳೆಯ ಜಾಗ ನಮಗೇ ಸಿಕ್ಕಿತ್ತು ಅಂತ ನನಗೆ ಈಗಲೂ ಅನ್ನಿಸುತ್ತದೆ.

ಊಟದ ವಿಷಯಕ್ಕೆ ಬರೋಣ. ಎ.ಸಿ. ಹೋಟೆಲ್. ಪನ್ನೀರ್ ಮಸಾಲಾ, ತಂದೂರಿ ರೋಟಿ, ಜೀರಾ ರೈಸ್, ಒಂದು ಗುಲಾಬ್ ಜಾಮೂನು. ಪಕ್ಕದ ಖಾನಾವಳಿಯಿಂದ ರೊಟ್ಟಿ ಬಡಿಯುವ ಸದ್ದು ಕೇಳಿಸುತ್ತಿತ್ತು. “ವಿಜಾಪುರಕ್ಕ ಬಂದು ಪನ್ನೀರ ತಿನ್ನೂದಾ?” ಅಂತ ಅತ್ತೆ ಎಲ್ಲರಿಗೂ ಕೇಳುವ ಹಾಗೆ ಅಂದು, ಚೀಲದಿಂದ ಖಡಕ್ ರೊಟ್ಟಿ, ಶೇಂಗಾ ಚಟ್ನಿ, ಅಗಸಿ ಚಟ್ನಿ, ಕೊಲ್ಹಾರದ ಗಡಿಗೆ ಒಂದೊಂದಾಗಿ ತೆಗೆದರು. ಸರ್ವರ್ ಹುಡುಗ ನೋಡಿ ನಕ್ಕ, ಬೇಡ ಅನ್ನಲಿಲ್ಲ. ನಮ್ಮ ಟೇಬಲಿಗೆ ಇನ್ನೂ ನಾಲ್ಕು ಜನ ಬಂದು ಕೂತರು. ಟ್ರಾವೆಲ್ಸಿನವರು ಓದುತ್ತಿದ್ದರೆ ದಯವಿಟ್ಟು ಊಟ ಖಾನಾವಳಿಯಲ್ಲೇ ಇಡಿ. ಎಣ್ಣೆಗಾಯಿ, ಪುಂಡಿಪಲ್ಯ, ರೊಟ್ಟಿ ಕೊಟ್ಟರೆ ನಿಮಗೂ ಖರ್ಚು ಕಡಿಮೆ.

ಗೋಲ್‌ಗುಂಬಜ್ ಬಗ್ಗೆ ನಾನು ಹೊಸದಾಗಿ ಏನು ಬರೆಯಲಿ? ನಾವೆಲ್ಲ ಶಾಲೆಯ ಪ್ರವಾಸದಲ್ಲಿ ಹೋಗಿ ಕಿರುಚಿ ಬಂದವರೇ. ಗುಂಬಜಿನ ಹೊರಗಿನ ವ್ಯಾಸ ಸುಮಾರು 44 ಮೀಟರ್, ಮೇಲೆ ಪಿಸುಮಾತಿನ ಗ್ಯಾಲರಿ, ಅಲ್ಲಿ ಪಿಸುಮಾತು ಬಿಟ್ಟು ಬೇರೆಲ್ಲ ಕೇಳುತ್ತದೆ. ಅತ್ತೆ ಮೆಟ್ಟಿಲು ಹತ್ತುವ ಹಾಗಿರಲಿಲ್ಲ, ನಾನೂ ಕೆಳಗೇ ಉಳಿದೆ. ಮುಂದಿನ ಮ್ಯೂಸಿಯಂ ನೋಡುವ ಅಂತ ಲೆಕ್ಕ ಹಾಕಿದ್ದೆ. ಹಳೆಯ ಚಿತ್ರಗಳಲ್ಲಿ ಹೂವು, ಗಿಡ ಹೇಗೆ ಬರೆದಿದ್ದಾರೆ ಅಂತ ನೋಡಬೇಕಿತ್ತು. ಬಾಗಿಲಿಗೆ ಬೀಗ. ಶುಕ್ರವಾರ ರಜೆ. ನಮ್ಮ ಟೂರ್ ಇಟ್ಟಿದ್ದೇ ಶುಕ್ರವಾರ! ಪೋಸ್ಟರಿನಲ್ಲಿ ಮಾತ್ರ ‘ಮ್ಯೂಸಿಯಂ ಭೇಟಿ’ ಅಂತ ಟಿಕ್ ಗುರುತು ಇತ್ತು. ವಾರಕ್ಕೊಮ್ಮೆ ಟೂರ್ ನಡೆಸುವವರಿಗೆ ಇಷ್ಟೂ ಗೊತ್ತಿರಬಾರದಾ? ಅದರ ಮೇಲೆ ಇಲ್ಲಿ ಕೊಟ್ಟಿದ್ದು ಎರಡು ಗಂಟೆ. ಕೆಲವರು ಎರಡು ಸಲ ಮೇಲೆ ಹತ್ತಿ ಬಂದರು. ನಾನು ಬೆಂಚಿನ ಮೇಲೆ ಕೂತು ವಾಚ್ ನೋಡುತ್ತಿದ್ದೆ, ಯಾಕೆಂದರೆ ಕುಮಟಗಿ ಇನ್ನೂ ಬಾಕಿ ಇತ್ತು.

ಕುಮಟಗಿ ಊರಿನಿಂದ ಪೂರ್ವಕ್ಕೆ ಸುಮಾರು 16 ಕಿಲೋಮೀಟರ್. ಆದಿಲ್‌ಶಾಹಿಗಳ ಬೇಸಿಗೆಯ ಬಿಡಾರ. ಕೆರೆ, ಕೆರೆಯ ಪಕ್ಕ ತೊಟ್ಟಿಗಳು, ಒಂದು ತೊಟ್ಟಿಯ ನಡುವೆ ಮಂಟಪ. ನಾವು ತಲುಪಿದಾಗ 5:35. ಡಿಸೆಂಬರಿನ ಸಂಜೆ, ಸೂರ್ಯ ಆಗಲೇ ಜೋಳದ ಹೊಲದ ಆಚೆ ಇಳಿಯುತ್ತಿದ್ದ. “ಇಪ್ಪತ್ತೈದು ನಿಮಿಷ ಮಾತ್ರ” ಅಂತ ಟೂರ್ ಹುಡುಗ ಕೂಗಿದ.

ಕಾಕಾ ಓಡುವ ಹಾಗೆ ನಡೆದರು, ನಾನು ಹಿಂದೆ. ಎತ್ತರದ ಗೋಪುರಕ್ಕೆ ಕೆರೆಯ ನೀರು ಏರಿಸುತ್ತಿದ್ದರು. ಅಲ್ಲಿಂದ ಕೊಳವೆಯಲ್ಲಿ ಇಳಿದ ನೀರು ಮಂಟಪದ ಗೋಡೆಯೊಳಗೆ ಹತ್ತಿ, ಚಾವಣಿಯ ತೂತುಗಳಿಂದ ಮಳೆಯ ಹಾಗೆ ಸುರಿಯುತ್ತಿತ್ತು. ಪಂಪ್ ಇಲ್ಲ, ಕರೆಂಟ್ ಇಲ್ಲ, ಬರೀ ಎತ್ತರದ ಬಲ. ನನ್ನ ನರ್ಸರಿಯಲ್ಲೂ ಅದೇ ನಡೆಯುತ್ತದೆ, ಏಳು ಅಡಿಯ ಸ್ಟ್ಯಾಂಡಿನ ಮೇಲೆ ಸಿಂಟೆಕ್ಸ್ ಟ್ಯಾಂಕ್. ಬಯಲುಸೀಮೆಯ ಏಪ್ರಿಲ್‌ನಲ್ಲಿ, ಹೊರಗೆ ಬಿಸಿಗಾಳಿ ಬೀಸುವಾಗ, ಮಂಟಪದ ಒಳಗೆ ಮಳೆ! ಕತ್ತೆತ್ತಿ ಆ ತೂತುಗಳನ್ನು ನೋಡುತ್ತಾ ನಿಂತೆ. ಪಕ್ಕದ ಮಂಟಪದ ಗೋಡೆಯಲ್ಲಿ ಚಿತ್ರಗಳಿವೆ. ಕುದುರೆ ಮೇಲೆ ಪೋಲೋ ಆಡುವವರು, ಕುಸ್ತಿ ಹಿಡಿದ ಪೈಲ್ವಾನರು, ಪರದೇಶಿ ಉಡುಪು ಹಾಕಿದವರು. ಬಣ್ಣ ಮಾಸಿದೆ. ಅದರ ಮೇಲೆ ಮೊಳೆಯಲ್ಲಿ ಹೆಸರು ಕೆತ್ತಿದ ಪುಣ್ಯಾತ್ಮರೂ ಇದ್ದಾರೆ. ಬೆಳಕು ಸಾಲದೆ ಕಾಕಾ ಮೊಬೈಲ್ ಟಾರ್ಚ್ ಹಿಡಿದು ತೋರಿಸುತ್ತಿದ್ದರು. ಒಬ್ಬ ಪೈಲ್ವಾನನ ಕಾಲಿನವರೆಗೆ ಬಂದಿದ್ದೆವು, ಅಷ್ಟರಲ್ಲಿ ಹಾರ್ನ್.

ಇಡೀ ದಿನದಲ್ಲಿ ನಿಜವಾದ ತೋಟದ ಮನೆ ಅಂತ ಇದ್ದದ್ದು ಇದೊಂದೇ. ಅದಕ್ಕೇ ಇಪ್ಪತ್ತೈದು ನಿಮಿಷ.

ಮರುದಿನ ಟ್ರಾವೆಲ್ಸಿಗೆ ಫೋನ್ ಮಾಡಿದೆ. ಜಗಳಕ್ಕಲ್ಲ, ಸುಮ್ನೆ ಹೇಳೋಣ ಅಂತ. ಕುಮಟಗಿ ಬೆಳಿಗ್ಗೆ ಮೊದಲು ಇಡಿ, ಗೋಲ್‌ಗುಂಬಜ್ ಒಂದು ಗಂಟೆ ಸಾಕು, ಶುಕ್ರವಾರ ಬಿಡಿ, ಅಸರ್ ಮಹಲಿನ ವಿಷಯ ಮೊದಲೇ ತಿಳಿಸಿ ಅಂದೆ. ಆ ಕಡೆಯವರು ಸಮಾಧಾನದಿಂದ ಕೇಳಿದರು. “ಮೇಡಂ, ಗೋಲ್‌ಗುಂಬಜ್ ಕಡಿಮೆ ಮಾಡಿದ್ರ ಯಾರೂ ಬರಂಗಿಲ್ರಿ” ಅಂದರು. ಅದೂ ನಿಜ ಇರಬಹುದು. ಮ್ಯೂಸಿಯಂ ಟಿಕ್ ಗುರುತು ತೆಗೆಯುತ್ತೇನೆ ಅಂತ ಒಪ್ಪಿಕೊಂಡರು, ಅಷ್ಟೇ.

ಐದಕ್ಕೆ ಮೂರು ಸ್ಟಾರ್ ಕೊಡುತ್ತೇನೆ. ಅದರಲ್ಲಿ ಎರಡೂವರೆ ಕಾಕಾನದು, ಅರ್ಧ ಡ್ರೈವರಿನದು. ವಯಸ್ಸಾದವರನ್ನು ಕರೆದುಕೊಂಡು ಹೋಗುವವರು ಮಡಚುವ ಸ್ಟೂಲ್ ಒಂದು ಇಟ್ಟುಕೊಳ್ಳಿ. ಕುಮಟಗಿಯಲ್ಲಿ ಚಹಾ ಕೂಡ ಸಿಗಲಿಲ್ಲ, ನೀರು ಜೊತೆಗಿರಲಿ.

ಕಾಕಾನ ನಂಬರ್ ತಗೊಂಡಿದ್ದೇನೆ. ಬರೀ ಕುಮಟಗಿ, ಬೆಳಿಗ್ಗೆ 8 ಗಂಟೆಗೆ ಶುರು, ಅರ್ಧ ದಿನಕ್ಕೆ 800 ರೂಪಾಯಿ ಅಂದಿದ್ದಾರೆ. ಹೋಗೋದು ಬುಧವಾರ. ಕಾಕಾಗೂ ಸೇರಿಸಿ ಎಷ್ಟು ರೊಟ್ಟಿ ಬೇಕು ಅಂತ ಅತ್ತೆ ಆಗಲೇ ಲೆಕ್ಕ ಹಾಕುತ್ತಿದ್ದಾರೆ.