ಟರ್ಬೊ ಹೋಗಿದೆ ಅಂದ ಕೂಡಲೇ ದುಡ್ಡು ಕೊಡಬೇಡಿ, ಮೊದಲು ಪೈಪ್ ನೋಡಿಸಿ

ಪುಣೆಯಲ್ಲಿರುವ ಕನ್ನಡದವರು, ಅದರಲ್ಲೂ ಹಳೆ ಡೀಸೆಲ್ ಕಾರು ಇರುವವರು, ದಯವಿಟ್ಟು ಇದನ್ನು ಪೂರ್ತಿ ಓದಿ. ಟರ್ಬೊ, ಅಂದರೆ ಎಂಜಿನ್ನಿಗೆ ಜಾಸ್ತಿ ಗಾಳಿ ತಳ್ಳುವ ಭಾಗ, ಹೋಗಿದೆ ಅಂದ ಒಂದು ಗ್ಯಾರೇಜಿಗೆ 46,300 ರೂಪಾಯಿ ಕಳೆದುಕೊಂಡು ಬರೆಯುತ್ತಿದ್ದೇನೆ. ದುಡ್ಡು ಹೋದ ಸಿಟ್ಟು ಇದ್ದೇ ಇದೆ. ಅದಕ್ಕಿಂತ ಜಾಸ್ತಿ ನಾಚಿಕೆ ಆಗಿರುವುದು ಇನ್ನೊಂದು ವಿಷಯಕ್ಕೆ. ಆ ಗ್ಯಾರೇಜು ಚೆನ್ನಾಗಿದೆ, ನಮ್ಮ ಕಡೆಯ ಹುಡುಗನೇ ಇದ್ದಾನೆ, ಕನ್ನಡದಲ್ಲೇ ಎಲ್ಲ ಹೇಳುತ್ತಾನೆ ಅಂತ ನಮ್ಮ ಕನ್ನಡ ವಾಟ್ಸಾಪ್ ಗುಂಪಿನಲ್ಲಿ ಹಾಕಿದವಳು ನಾನೇ. ಇಬ್ಬರು ನನ್ನಿಂದ ನಂಬರ್ ತೆಗೆದುಕೊಂಡಿದ್ದಾರೆ. ಗ್ಯಾರೇಜಿನ ಹೆಸರು ಇಲ್ಲಿ ಬರೆಯುವುದಿಲ್ಲ. ದೂರು ಕೊಟ್ಟಿದ್ದೇನೆ, ಅದು ಒಂದು ದಡ ಮುಟ್ಟಲಿ.

ನಾನು ಧಾರವಾಡದವಳು. ಪುಣೆಗೆ ಬಂದು 14 ವರ್ಷ ಆಯಿತು. ಒಂದು ಕಂಪನಿಯಲ್ಲಿ ಲೆಕ್ಕಪತ್ರ ನೋಡುತ್ತೇನೆ. ದಿನಾ ಬೇರೆಯವರ ಬಿಲ್ ಪರಿಶೀಲಿಸುವುದೇ ನನ್ನ ಕೆಲಸ. ಇದನ್ನು ನೆನಪಿಟ್ಟುಕೊಳ್ಳಿ, ಮುಂದೆ ಬರುತ್ತದೆ.

ನಮ್ಮದು 1.3 ಲೀಟರ್ ಡೀಸೆಲ್ ಎಂಜಿನ್ನಿನ ಕಾರು. ಒಂದು ಕಾಲದಲ್ಲಿ ಮೂರು ನಾಲ್ಕು ಕಂಪನಿಯವರು ಇದೇ ಎಂಜಿನ್ ಹಾಕುತ್ತಿದ್ದರು, ಗೊತ್ತಿರಬೇಕು ನಿಮಗೆ. ಓಡಿದ್ದು 1,12,000 ಕಿಲೋಮೀಟರ್. ಜೂನ್‌ನಲ್ಲಿ ಊರಿಗೆ ಹೊರಟಾಗ ಖಂಬಾಟ್ಕಿ ಘಾಟಿನಲ್ಲಿ ಗಾಡಿ ಎಳೆಯುವುದನ್ನೇ ಬಿಟ್ಟಿತು. ನಾವು ಹೋದಾಗ ಪುಣೆಯಿಂದ ಹೋಗುವವರು ಆ ಘಾಟು ಹತ್ತಲೇಬೇಕಿತ್ತು, ಸುರಂಗ ಇದ್ದದ್ದು ವಾಪಸ್ ಬರುವವರಿಗೆ. ನಾಲ್ಕು ಜನ, ಎಸಿ, ಸಾಮಾನು. ಎಷ್ಟು ಒತ್ತಿದರೂ ಎರಡನೇ ಗೇರಿನಲ್ಲಿ ತೆವಳುತ್ತಿತ್ತು. ಬಾನೆಟ್ ಒಳಗಿಂದ ಹುಶ್ ಅಂತ ಸದ್ದು. ಹಿಂದೆ ಕಪ್ಪು ಹೊಗೆ. ಎಂಜಿನ್ ಲೈಟ್ ಹತ್ತಿಕೊಂಡಿತು. ಹಿಂದೆ ಲಾರಿಯವರ ಹಾರ್ನ್ ಬೇರೆ. ಹೇಗೋ ಊರು ಮುಟ್ಟಿ ವಾಪಸ್ ಬಂದೆವು. ಸಮ ರಸ್ತೆಯಲ್ಲಿ ನಿಧಾನಕ್ಕೆ ಹೋದರೆ ಏನೂ ತೊಂದರೆ ಇರಲಿಲ್ಲ.

ಬೈಪಾಸ್ ಹತ್ತಿರದ ಒಂದು ಗ್ಯಾರೇಜಿಗೆ ಒಯ್ದೆ. ಕೌಂಟರಿನಲ್ಲಿ ಒಬ್ಬ ಹುಡುಗ. ನಾನು ಗಂಡನ ಜೊತೆ ಫೋನಿನಲ್ಲಿ ಮಾತಾಡುವುದು ಕೇಳಿ "ಅಕ್ಕಾರ, ನೀವು ನಮ್ಮ ಕಡ್ಯಾವ್ರು ಏನ್ರಿ?" ಅಂದ. ವಿಜಯಪುರದ ಕಡೆಯವನಂತೆ. ಅಷ್ಟೇ. ಅಲ್ಲಿಗೆ ನನ್ನ ಎಚ್ಚರ ಎಲ್ಲ ಹೋಯಿತು. ಚಹಾ ತರಿಸಿದ. ಊರಿನ ಮಳೆ ಬಗ್ಗೆ ಕೇಳಿದ.

ಸ್ಕ್ಯಾನರ್ ಹಚ್ಚಿದ. ಪಿ0299 ಅಂತ ಕೋಡ್ ಬಂತು. "ಟರ್ಬೊ ಹೋಗೈತ್ರಿ ಅಕ್ಕಾರ." ಒಂದು ಪೈಪ್ ಬಿಚ್ಚಿ ಒಳಗೆ ಬೆರಳು ಹಾಕಿ ಎಣ್ಣೆ ತೋರಿಸಿದ. "ನೋಡ್ರಿ, ಎಣ್ಣಿ ಸೋರಾಕತ್ತೈತಿ." ಆಮೇಲೆ ಟರ್ಬೊದ ಬಾಯಿಯೊಳಗೆ ಬೆರಳಿಟ್ಟು ನಡುವಿನ ಶಾಫ್ಟ್ ಅಲ್ಲಾಡಿಸಿದ. "ಹೆಂಗ ಅಲ್ಲಾಡತೈತಿ ನೋಡ್ರಿ." ನಿಜವಾಗಿಯೂ ಅಲ್ಲಾಡುತ್ತಿತ್ತು. ನನ್ನ ಬೆರಳನ್ನೂ ಇಡಿಸಿದ. ಆಮೇಲೆ ಹೆದರಿಸಿದ. "ಸೀಲ್ ಒಡದ್ರ ಎಂಜಿನ್ ತನ್ನ ಎಣ್ಣಿ ತಾನ ಕುಡದು ಓಡತೈತ್ರಿ. ಕೀಲಿ ತಗದ್ರೂ ನಿಲ್ಲಂಗಿಲ್ಲ. ಮನ್ಯಾಗ ಸಣ್ಣ ಹುಡುಗ್ರು ಅದಾವು ಅಂತೀರಿ."

ಇಲ್ಲೇ ಇರುವುದು ಮೋಸ. ಅವನು ಹೇಳಿದ ಒಂದೊಂದು ಮಾತೂ ಬೇರೆ ಯಾವುದೋ ಗಾಡಿಗೆ ನಿಜವೇ. ಡೀಸೆಲ್ ಎಂಜಿನ್ ಹಾಗೆ ಹುಚ್ಚು ಹಿಡಿದು ಓಡುವುದು ಉಂಟು. ಆದರೆ ಟರ್ಬೊದೊಳಗೆ ಎಣ್ಣೆ ತಡೆಯುವ ಸೀಲ್ ಹೋಗಿದ್ದರೆ ಹೊಗೆ ನೀಲಿ ಬರಬೇಕು. ಡಿಪ್‌ಸ್ಟಿಕ್‌ನಲ್ಲಿ ಎಣ್ಣೆ ಇಳಿಯುತ್ತಾ ಹೋಗಬೇಕು. ನನ್ನ ಗಾಡಿಯದು ಕಪ್ಪು ಹೊಗೆ. ಎಣ್ಣೆ ಒಂದು ಗೆರೆಯೂ ಇಳಿದಿರಲಿಲ್ಲ. ಇದೆಲ್ಲ ಈಗ ಗೊತ್ತು. ಆಗ ಗೊತ್ತಿರಲಿಲ್ಲ.

ಹೊಸ ಟರ್ಬೊ 38,500. ಕೂಲಿ 4,500. ಎಣ್ಣೆ, ಫಿಲ್ಟರ್, ಗ್ಯಾಸ್ಕೆಟ್ ಎಲ್ಲ ಸೇರಿ 3,300. "ಪಕ್ಕಾ ಬಿಲ್ ಬೇಕಂದ್ರ ಜಿಎಸ್‌ಟಿ ಜಾಸ್ತಿ ಆಗತೈತ್ರಿ, ಯಾಕ ಸುಮ್ನ?" ಅಂದ. ನಾನು ಹೂಂ ಅಂದೆ. ಬಿಲ್ ನೋಡುವುದೇ ಕೆಲಸವಾಗಿರುವ ನಾನು ಕಚ್ಚಾ ಚೀಟಿಗೆ ಹೂಂ ಅಂದೆ. ಇದನ್ನು ಬರೆಯುವಾಗಲೂ ಮುಖ ಬಿಸಿ ಆಗುತ್ತಿದೆ.

ಮೂರನೇ ದಿನ ಗಾಡಿ ತರಲು ಹೋದಾಗ ಕೌಂಟರ್ ಮೇಲೆ ಒಂದು ಡಬ್ಬಿ ಇತ್ತು. ಕಂಪನಿ ಹೆಸರಿನ ಡಬ್ಬಿ. ಅದರ ಮೇಲೆ ಕೈಯಿಂದ ತಟ್ಟಿ "ಇದರಾಗಿಂದ ಹಾಕೀವ್ರಿ" ಅಂದ. ಬಾನೆಟ್ ತೆಗೆದು ತೋರಿಸಿದ. ಕೆಳಗೆ ಬೆಳ್ಳಿಯ ಹಾಗೆ ಹೊಳೆಯುತ್ತಿತ್ತು. ಹಳೆಯದು ಎಲ್ಲಿ ಅಂತ ನಾನು ಕೇಳಿದೆ, ಕೇಳಲಿಲ್ಲ ಅಂತಲ್ಲ. "ಎಕ್ಸ್‌ಚೇಂಜ್‌ನ್ಯಾಗ ಹೋತ್ರಿ ಅಕ್ಕಾರ. ಹಳೇದು ವಾಪಸ್ ಕೊಟ್ರನ ಈ ರೇಟು." ಹಳೆಯ ಟರ್ಬೊ ವಾಪಸ್ ಪಡೆದು ರಿಪೇರಿ ಮಾಡಿ ಮಾರುವ ಪದ್ಧತಿ ನಿಜವಾಗಿಯೂ ಇದೆ. ಅದಕ್ಕೇ ನಂಬಿದೆ. 30,000 ಯುಪಿಐ ಮಾಡಿದೆ, ಉಳಿದದ್ದು ನಗದು. ಗಾಡಿ ಚೆನ್ನಾಗಿಯೇ ಓಡಿತು. ಅದೇ ಖುಷಿಯಲ್ಲಿ ಗುಂಪಿನಲ್ಲಿ ಹೊಗಳಿ ಬರೆದೆ.

ಗಣೇಶ ಹಬ್ಬಕ್ಕೆ ಊರಿಗೆ ಹೊರಟೆವು. ಅದೇ ಖಂಬಾಟ್ಕಿ. ಅದೇ ತಿರುವಿನ ಹತ್ತಿರ. ಅದೇ ಹುಶ್, ಅದೇ ಕಪ್ಪು ಹೊಗೆ, ಅದೇ ಲೈಟು. ನನ್ನ ಗಂಡ ಒಂದು ಮಾತೂ ಆಡಲಿಲ್ಲ. ಸಾತಾರಾ ದಾಟುವವರೆಗೂ ಯಾರೂ ಮಾತಾಡಲಿಲ್ಲ.

ನಿಪ್ಪಾಣಿಯಲ್ಲಿ ನಮ್ಮ ಚಿಕ್ಕಮ್ಮನ ಮನೆ. ಅವರ ಗುರುತಿನ ಒಬ್ಬ ಮಿಸ್ತ್ರಿ ಕಾಕಾ ಇದ್ದಾರೆ, ವಯಸ್ಸಾದವರು. ಗಾಡಿ ಅಲ್ಲಿ ನಿಲ್ಲಿಸಿದೆವು. ಅವರು ಸ್ಕ್ಯಾನರ್ ಕಡೆ ಹೋಗಲೇ ಇಲ್ಲ. ಮೊದಲು ಕೇಳಿದ್ದು ಹೊಗೆ ಯಾವ ಬಣ್ಣ, ಎಣ್ಣೆ ಎಷ್ಟು ಇಳಿಯುತ್ತದೆ, ಸದ್ದು ಸೀಟಿ ಹಾಗೋ ಗಾಳಿ ಬಿಟ್ಟ ಹಾಗೋ ಅಂತ. ಆಮೇಲೆ ಏರ್ ಫಿಲ್ಟರ್ ಕಡೆಯ ಪೈಪ್ ಬಿಚ್ಚಿ ಟರ್ಬೊದ ಬಾಯಿಗೆ ಒಂದು ರಬ್ಬರ್ ಮುಚ್ಚಳ ಬಿಗಿದು ಸ್ವಲ್ಪವೇ ಗಾಳಿ ತುಂಬಿಸಿದರು. ಪೈಪುಗಳ ಮೇಲೆ ಸೋಪಿನ ನೀರು ಹಾಕುತ್ತಾ ಬಂದರು. ಇಂಟರ್‌ಕೂಲರಿಗೆ, ಅಂದರೆ ಟರ್ಬೊದಿಂದ ಬರುವ ಬಿಸಿ ಗಾಳಿ ತಣ್ಣಗೆ ಮಾಡುವ ಭಾಗಕ್ಕೆ, ಹೋಗುವ ರಬ್ಬರ್ ಪೈಪಿನ ಕೆಳಮಗ್ಗುಲಲ್ಲಿ ನೊರೆ ಬುಸುಬುಸು ಎದ್ದಿತು. ಬೆರಳುದ್ದ ಸೀಳು. ಒಂದು ಪಟ್ಟಿಗೆ ಉಜ್ಜಿ ಉಜ್ಜಿ ಸೀಳಿತ್ತು. ನಿಧಾನಕ್ಕೆ ಹೋದಾಗ ಆ ಸೀಳು ಮುಚ್ಚಿಕೊಂಡಿರುತ್ತದೆ. ಘಾಟಿನಲ್ಲಿ ಟರ್ಬೊ ಜೋರಾಗಿ ಗಾಳಿ ತಳ್ಳಿದಾಗ ಬಾಯಿ ಬಿಡುತ್ತದೆ. ಗಾಳಿ ಹೊರಗೆ ಹೋಗುತ್ತದೆ. ಗಾಳಿ ಕಡಿಮೆ ಆಗಿ ಡೀಸೆಲ್ ಪೂರ್ತಿ ಉರಿಯುವುದಿಲ್ಲ, ಕಪ್ಪು ಹೊಗೆ. ಪಿ0299 ಹೇಳುವುದೂ ಅಷ್ಟೇ. ಬರಬೇಕಾದಷ್ಟು ಗಾಳಿಯ ಒತ್ತಡ ಬರುತ್ತಿಲ್ಲ ಅಂತ. ಟರ್ಬೊ ಕೆಟ್ಟಿದೆ ಅಂತ ಆ ಕೋಡ್ ಎಲ್ಲೂ ಹೇಳುವುದಿಲ್ಲ.

ಪೈಪಿಗೆ 1,450. ಕೂಲಿ 300.

ಹೊಸ ಟರ್ಬೊ ಹಾಕಿಸಿದ್ದೇನೆ ಕಾಕಾ, ಅದನ್ನೂ ಒಮ್ಮೆ ನೋಡಿ ಅಂದೆ. ಟಾರ್ಚು, ಒಂದು ಸಣ್ಣ ಕನ್ನಡಿ ತಂದು ಕೆಳಗೆ ಮಲಗಿದರು. ತುಂಬ ಹೊತ್ತು ನೋಡಿದರು. ಆಮೇಲೆ ಎದ್ದು ಕೈ ಒರೆಸಿಕೊಂಡು ಮೆಲ್ಲಗೆ ಹೇಳಿದರು.

"ತಂಗೀ, ಇದನ್ನ ಯಾರೂ ಇಳಿಸಿಲ್ಲ."

ನನಗೆ ಅರ್ಥ ಆಗಲಿಲ್ಲ. ಮತ್ತೆ ಕೇಳಿದೆ. ನನ್ನನ್ನೂ ಬಗ್ಗಿಸಿ ಕನ್ನಡಿಯಲ್ಲಿ ತೋರಿಸಿದರು. ಕಣ್ಣಿಗೆ ಕಾಣುವ ಕಡೆ ಮಾತ್ರ ಬೆಳ್ಳಿ ಬಣ್ಣ. ಸ್ಪ್ರೇ ಹೊಡೆದಿದ್ದು. ಕೆಳಗಡೆ ಹಳೆಯ ಕೆಸರು, ಮಸಿ ಹಾಗೇ ಇತ್ತು. ಹೊಗೆ ಕಡೆಯ ನಟ್ಟುಗಳಿಗೆ ತುಕ್ಕು ಹಿಡಿದು ಒಂದೇ ಗಟ್ಟಿಯಾಗಿತ್ತು, ಪಾನಾ ತಾಗಿದ ಗುರುತೇ ಇಲ್ಲ. ಎಣ್ಣೆ ಪೈಪಿನ ಬೋಲ್ಟಿನ ಸುತ್ತ ವರ್ಷಗಳ ಜಿಡ್ಡು. ಅದನ್ನು ಬಿಚ್ಚದೆ ಟರ್ಬೊ ಹೊರಗೆ ಬರುವುದೇ ಇಲ್ಲ.

ಅಲ್ಲೇ ಅಂಗಡಿ ಮುಂದಿನ ಕಲ್ಲಿನ ಮೇಲೆ ಕೂತೆ. ನನಗೆ ಮೊದಲು ನೆನಪಾಗಿದ್ದು ಆ ಡಬ್ಬಿ. ಅವನು ಅದನ್ನು ಎತ್ತಿರಲಿಲ್ಲ. ತೆಗೆದಿರಲಿಲ್ಲ. ಸುಮ್ನೆ ತಟ್ಟಿದ್ದ, ಅಷ್ಟೇ. ಅದರ ಒಳಗೆ ಏನಿತ್ತು? ಏನಾದರೂ ಇತ್ತಾ? ನಾನು ಯಾಕೆ ತೆಗೆಸಿ ನೋಡಲಿಲ್ಲ? ಒಂದು ಮಾತು ಕೇಳಿದ್ದರೆ ಸಾಕಿತ್ತು. ಅಕ್ಕಾರ ಅಕ್ಕಾರ ಅಂತ ಕರೆದನಲ್ಲ, ಕೇಳಿದರೆ ಅವನಿಗೆ ಬೇಜಾರಾದೀತು ಅಂತ ನಾನು ಸಂಕೋಚ ಪಟ್ಟಿದ್ದೆ.

ಕಾಕಾ ಆ ಶಾಫ್ಟಿನ ವಿಷಯವನ್ನೂ ಬಿಡಿಸಿ ಹೇಳಿದರು. ಆ ಶಾಫ್ಟು ಸಣ್ಣ ಗಾಡಿಗಳಲ್ಲಿ ನಿಮಿಷಕ್ಕೆ ಎರಡು ಲಕ್ಷ ಸುತ್ತಿನ ಆಸುಪಾಸು ತಿರುಗುತ್ತದೆ. ಎಣ್ಣೆಯ ತೆಳು ಪದರದ ಮೇಲೆ ತೇಲುತ್ತಾ ತಿರುಗುತ್ತದೆ. ಎಂಜಿನ್ ಆಫ್ ಇದ್ದಾಗ ಆ ಒತ್ತಡ ಇರುವುದಿಲ್ಲ, ಹಾಗಾಗಿ ಅಡ್ಡಡ್ಡ ಸ್ವಲ್ಪ ಅಲ್ಲಾಡಲೇಬೇಕು. ಅಲ್ಲಾಡಬಾರದ್ದು ಹಿಂದೆ ಮುಂದೆ. ರೆಕ್ಕೆಗಳು ಸುತ್ತಲಿನ ಗೋಡೆಗೆ ತಾಗಿರಬಾರದು. ನನ್ನದು ಎರಡೂ ಸರಿ ಇತ್ತು. ಪೈಪಿನೊಳಗಿನ ಎಣ್ಣೆ ಕೂಡ ಬ್ರೀದರ್ ಕಡೆಯಿಂದ, ಅಂದರೆ ಎಂಜಿನ್ ಒಳಗಿನ ಆವಿ ಹೊರಗೆ ಬರುವ ದಾರಿಯಿಂದ, ಬರುವ ತೆಳು ಪಸೆ, ಟರ್ಬೊ ಇರುವ ಬಹುತೇಕ ಡೀಸೆಲ್ ಗಾಡಿಗಳಲ್ಲಿ ಇರುವಂಥದ್ದು. ಅಂದರೆ ನನ್ನ ಟರ್ಬೊ ಮೊದಲಿಂದಲೂ ಚೆನ್ನಾಗಿಯೇ ಇತ್ತು. ಚೆನ್ನಾಗಿದ್ದ ಟರ್ಬೊಗೆ ಬಣ್ಣ ಹೊಡೆದು 46,300 ತೆಗೆದುಕೊಂಡರು. ಏರ್ ಫಿಲ್ಟರ್ ಬದಲಿಸಿ, ಕ್ಲಾಂಪ್ ಬಿಗಿ ಮಾಡಿ, ಕೋಡ್ ಅಳಿಸಿರಬೇಕು ಅಂದರು ಕಾಕಾ. ಊರೊಳಗೆ ಅಷ್ಟಕ್ಕೇ ಗಾಡಿ ಸರಿ ಅನ್ನಿಸುತ್ತದೆ.

ಈಗ ಆ ಗ್ಯಾರೇಜಿನ ಹುಡುಗನ ಉತ್ತರಗಳು. ನಿಪ್ಪಾಣಿಯಿಂದಲೇ ಫೋನ್ ಮಾಡಿದೆ. "ಅಕ್ಕಾರ, ಹಬ್ಬ ಮುಗಿಸ್ಕೊಂಡು ಬರ್ರಿ, ನೋಡೂಣು" ಅಂದ. ಎರಡನೇ ಸಲ, "ಆ ಹಳ್ಳಿ ಮಿಸ್ತ್ರಿಗೆ ಏನ ತಿಳಿತೈತ್ರಿ ಮೇಡಮ್?" ಗಮನಿಸಿ, ಅಕ್ಕಾರ ಹೋಗಿ ಮೇಡಮ್ ಆಯಿತು. ಮೂರನೇ ಸಲ, "ಹೊರಗ ಬಿಚ್ಚಿಸೀರಿ, ಇನ್ನ ವಾರಂಟಿ ಇಲ್ಲ." ಕಾಕಾ ಟರ್ಬೊ ಬಿಚ್ಚಲೇ ಇಲ್ಲ, ನೀವೂ ಬಿಚ್ಚಿಲ್ಲ ಅನ್ನುವುದೇ ನನ್ನ ದೂರು, ತಮ್ಮಾ ಅಂದರೆ ಕೇಳಿಸಿಕೊಳ್ಳಲಿಲ್ಲ. "ಮನ್ಯಾಗ ಗಂಡಸ್ರಿಗೆ ಫೋನ್ ಕೊಡ್ರಿ" ಅಂದ. ದುಡ್ಡು ಕೊಟ್ಟವಳು ನಾನು. ಗಾಡಿ ನನ್ನ ಹೆಸರಿನಲ್ಲಿದೆ.

ಪುಣೆಗೆ ಬಂದು ನೇರವಾಗಿ ಹೋದೆ. ಮಾಲೀಕನೂ ಇದ್ದ. ಚೀಟಿ ತೋರಿಸಿ ಅಂದ. ತೋರಿಸಿದೆ. ಆಗ ಅವನೇ ಬೆರಳಿಟ್ಟು ಓದಿದ. ಅದರಲ್ಲಿ ಬರೆದದ್ದು "ಟರ್ಬೊ ಕಾಮ್ – 38,500". ಹೊಸ ಟರ್ಬೊ ಅಂತ ಇಲ್ಲ, ಕಾಮ್ ಅಂದರೆ ಬರೀ ಕೆಲಸ. ಕಾಮ್. "ಕ್ಲೀನಿಂಗ್ ಮಾಡಿದ್ದೇವೆ, ಪೇಂಟ್ ಮಾಡಿದ್ದೇವೆ, ಅದೇ ಕಾಮ್" ಅಂದ. ನಾನು ಆ ಹುಡುಗನ ಮುಖ ನೋಡಿದೆ. ತಮ್ಮಾ, ಹೊಸದು ಹಾಕಿದೀವಿ ಅಂತ ನೀನು ಹೇಳಲಿಲ್ಲವಾ ಅಂದೆ. ಅವನು ಮಾಲೀಕನ ಕಡೆ ನೋಡಿ ನನಗೆ ಮರಾಠಿಯಲ್ಲಿ ಉತ್ತರ ಕೊಟ್ಟ. ಹಾಗೆ ಹೇಳಿಲ್ಲ ಅಂತ. ಮೊದಲ ದಿನದಿಂದ ಒಂದು ಸಲವೂ ಮರಾಠಿ ಆಡದವನು ಅವತ್ತು ನನಗೆ ಕನ್ನಡ ಬರುವುದನ್ನೇ ಮರೆತವನ ಹಾಗೆ ನಿಂತ. ಹೊಟ್ಟೆ ಉರಿದದ್ದು ಅದಕ್ಕೆ. ದುಡ್ಡಿಗಿಂತ ಅದಕ್ಕೆ.

1915 ಗ್ರಾಹಕ ಸಹಾಯವಾಣಿಗೆ ದೂರು ದಾಖಲಿಸಿದ್ದೇನೆ. ಅಲ್ಲಿ ಬಗೆಹರಿಯದಿದ್ದರೆ ಜಿಲ್ಲಾ ಗ್ರಾಹಕ ಆಯೋಗ. ಐದು ಲಕ್ಷದೊಳಗಿನ ದೂರಿಗೆ ಶುಲ್ಕ ಇಲ್ಲ, ಎರಡು ವರ್ಷದೊಳಗೆ ಕೊಡಬೇಕು. ಯುಪಿಐ ಮಾಡಿದ 30,000ಕ್ಕೆ ದಾಖಲೆ ಇದೆ, ಕಾಕಾ ಹೇಳಿ ತೆಗೆಸಿದ ಫೋಟೊ ಇವೆ. ನಗದಿನ 16,300ಕ್ಕೆ ಆ ಚೀಟಿ ಬಿಟ್ಟರೆ ಏನೂ ಇಲ್ಲ.

ನಿಮ್ಮ ಗಾಡಿಗೆ ಹೀಗಾದರೆ ಮೊದಲು ಪೈಪುಗಳಿಗೆ ಗಾಳಿ ತುಂಬಿಸಿ ಸೋರಿಕೆ ನೋಡಿಸಿ, ನಿಮ್ಮ ಕಣ್ಣ ಮುಂದೆ. ಟರ್ಬೊ ನಿಜವಾಗಿಯೂ ಹೋಗಿದ್ದರೆ ಬಿಚ್ಚುವ ಮೊದಲೇ ಅದರ ಮೇಲಿನ ನಂಬರಿನ ಫೋಟೊ ತೆಗೆದುಕೊಳ್ಳಿ, ಹಳೆಯದು ಕೈಗೆ ಬರದೆ ದುಡ್ಡು ಕೊಡಬೇಡಿ. ಎಕ್ಸ್‌ಚೇಂಜ್ ಅಂದರೆ, ಮೊದಲು ತೋರಿಸಿ ಆಮೇಲೆ ಒಯ್ಯಲಿ. ಪಕ್ಕಾ ಬಿಲ್, ಪಾರ್ಟ್ ನಂಬರ್ ಸಮೇತ. ಡಬ್ಬಿ ಇದ್ದರೆ ತೆಗೆಸಿ. ದಯವಿಟ್ಟು ತೆಗೆಸಿ.

ನನ್ನಿಂದ ನಂಬರ್ ತೆಗೆದುಕೊಂಡ ಇಬ್ಬರಿಗೂ ನಿನ್ನೆ ರಾತ್ರಿ ಫೋನ್ ಮಾಡಿದೆ. ಒಬ್ಬರು ಇನ್ನೂ ಹೋಗಿಲ್ಲ. ಇನ್ನೊಬ್ಬರು ಮೊನ್ನೆಯೇ ಗಾಡಿ ಬಿಟ್ಟು ಬಂದಿದ್ದಾರೆ. ಅವರಿಗೂ ಟರ್ಬೊ ಹೋಗಿದೆ ಅಂತಲೇ ಹೇಳಿದ್ದಾರಂತೆ, 10,000 ಮುಂಗಡ ಕೊಟ್ಟಾಗಿದೆಯಂತೆ. ನಾಳೆ ಬೆಳಿಗ್ಗೆ ಗಾಡಿ ವಾಪಸ್ ತರಲು ಹೋಗುತ್ತಿದ್ದಾರೆ. ಅವರ ಜೊತೆ ನಾನೂ ಹೋಗುತ್ತಿದ್ದೇನೆ.