ಲೋಕಲ್ ಚಾನೆಲ್ ಚರ್ಚೆ, ಆ ಟೀಚರ್ ಮಾತಿಗಾಗಿ ನೋಡ್ರಿ

ನಮ್ಮ ಸಿಂಧನೂರಾಗ ರಾತ್ರಿ ಎಂಟಕ್ಕ ಕೇಬಲ್‌ನಾಗ ಬರೋ ಚರ್ಚೆ ಕಾರ್ಯಕ್ರಮ ಮೂರು ತಿಂಗಳಿಂದ ನೋಡಾಕತ್ತೀನ್ರಿ, ಅದಕ್ಕ ಒಬ್ರು ರಿಟೈರ್ಡ್ ಟೀಚರ್ ಬರ್ತಾರ, ಅವರ ಸಲುವಾಗೇ ಈ ರಿವ್ಯೂ. ಬಾಕಿಯವ್ರು ಒಬ್ಬರ ಮ್ಯಾಲೊಬ್ಬರು ಒದರ್ತಿದ್ರ ಇವರು ಚಾಳೀಸು ತೆಗದು ಟೇಬಲ್ ಮ್ಯಾಲಿಟ್ಟು, ಎಲ್ಲಾರೂ ಸುಮ್ನಾದ ಮ್ಯಾಲೇ ಬಾಯಿ ತೆಗೀತಾರ. ಹೋದ ವಾರ ದೇವದಾಸಿ ಪದ್ಧತಿ ಬಗ್ಗೆ ಇತ್ತು. ಅದನ್ನ ನಿಷೇಧ ಮಾಡೋ ಕಾಯ್ದೆ 1982ರಾಗೇ ಆತು, ಆದ್ರ ಆ ತಾಯಂದಿರ ಮಕ್ಕಳು ಸಾಲಿ ಅರ್ಜಿಯಾಗ ತಂದಿ ಹೆಸರಿನ ಕಾಲಂ ಮುಂದ ಪೆನ್ ಹಿಡಕೊಂಡು ಸುಮ್ನ ಕುಂದರ್ತಿದ್ವು ಅಂದ್ರು, ನಮ್ಮವ್ವ ರೊಟ್ಟಿ ಬಡಿಯೋದು ಬಿಟ್ಟು ಹಿಟ್ಟಿನ ಕೈಲೇ ಬಂದು ಟಿವಿ ಮುಂದ ನಿಂತ್ಳು.

ಬಾಲ್ಯವಿವಾಹದ ದಿನಾನೂ ಹಂಗ, ಹುಡುಗಿಗೆ 18 ಅನ್ನೋದು ಎಲ್ಲಾರಿಗೂ ಗೊತ್ತೈತಿ, ಗುಳೆ ಹೋಗೋರು ಬೆಳೆದ ಮಗಳನ್ನ ಯಾರ ಹತ್ರ ಬಿಡಬೇಕು ಹೇಳ್ರಿ ಅಂತ ಆ್ಯಂಕರ್‌ಗೇ ತಿರುಗಿ ಕೇಳಿದ್ರು. ಮಕ್ಕಳ ಸಹಾಯವಾಣಿ 1098ಕ್ಕ ಫೋನ್ ಮಾಡ್ರಿ ಅಂತ ನಂಬರ್ ಎರಡು ಸಲ ನಿಧಾನಕ್ಕ ಹೇಳಿದ್ರು, ನನಗ ಬಾಳ ಹಿಡಿಸ್ತು.

ಚಾನೆಲ್‌ನವ್ರು ಮಾತ್ರ ಅರ್ಧ ಸ್ಕ್ರೀನ್ ಜಾಹೀರಾತು ಹಾಕ್ತಾರ, ಅವರು ಮಾತಾಡುವಾಗಾದ್ರೂ ತೆಗೀರಿ. ನಮ್ಮ ಕಲ್ಯಾಣ ಕರ್ನಾಟಕದವ್ರಿಗೆ ನೌಕರಿ, ಓದಿನ ಸೀಟಿನಾಗ ಮೀಸಲಾತಿ ಕೊಡೋ ಸಂವಿಧಾನದ 371ಜೆ ಕಲಂ ಬಗ್ಗೆನೂ ಅವರನ್ನ ಒಮ್ಮೆ ಕುಂದ್ರಿಸ್ರಿ, ನಮ್ಮ ಹುಡುಗ್ರು ಕೇಳಬೇಕು.